ಆನೆಯಲ್ಲಿ ಬೂದಣ್ಣನ ಪಾಲು

ಬೆಳಗಾಗುವಷ್ಟರಲ್ಲಿ ಗೋಡೆಯ ಮೇಲೆ ಒಂದು ಹಂದಿ ನಿಂತಿತ್ತು. ಹಂದಿಯ ಹೊಟ್ಟೆ ಮಾತ್ರ ಬೂದಣ್ಣನದು, ಅಂದರೆ ಹಿಂದಿನ ಸಂಜೆ ಅವನೇ ಬಳಿದುಹೋಗಿದ್ದ ಬೂದು ಬಣ್ಣದ ತೇಪೆ. ಅದಕ್ಕೆ ಯಾರೋ ಕಪ್ಪು ಬಣ್ಣದಲ್ಲಿ ಕಿವಿ, ಕಾಲು, ಸುರುಳಿ ಬಾಲ ಸೇರಿಸಿ ಮಾಯವಾಗಿದ್ದರು.

ಬೀದಿ ಗೋಡೆಗಳ ಮೇಲೆ ಯಾರಾದರೂ ಗೀಚಿದರೆ ಅದನ್ನು ಬೂದು ಬಣ್ಣ ಬಳಿದು ಮುಚ್ಚುವುದು ನಗರಸಭೆಯಲ್ಲಿ ಬೂದಣ್ಣನ ಕೆಲಸ. ಹೆಸರು ಅಂಟಿದ್ದೂ ಅಲ್ಲಿಂದಲೇ. ಬಿಸಿಲಲ್ಲಿ ಬೆಂದು ಬೇಸತ್ತಿದ್ದ ಅವನ ಕಣ್ಣು ಈಗ ಉಗ್ರಾಣದಲ್ಲಿ, ಫ್ಯಾನಿನ ಕೆಳಗೆ ಖಾಲಿ ಬಿದ್ದಿದ್ದ ಕುರ್ಚಿಯ ಮೇಲಿತ್ತು.

"ಸಂಜೆ ಹೊತ್ತಿಗೆ ಈ ಗೋಡೆ ಮೇಲೆ ಏನೂ ಇರಬಾರ್ದು. ಆಗ ಕುರ್ಚಿ ವಿಷಯ ಮಾತಾಡೋಣ," ಎಂದರು ಮೇಲ್ವಿಚಾರಕರು, ಛತ್ರಿ ಊರಿಕೊಂಡು.

ಬೂದಣ್ಣ ಬೂದು ಬಳಿದು ಹಂದಿಯ ಕತೆ ಮುಗಿಸಿದ.

"ಪಾಪ, ಮುದ್ದಾಗಿತ್ತು," ಎಂದು ಇಸ್ತ್ರಿ ಅಂಗಡಿಯ ಅಕ್ಕ ನಿಟ್ಟುಸಿರಿಟ್ಟಳು. ಎದುರಿನ ಕ್ಷೌರದಂಗಡಿಯವನಂತೂ ಗಿರಾಕಿಯ ಗಡ್ಡ ಅರ್ಧಕ್ಕೇ ಬಿಟ್ಟು ಓಡಿಬಂದ. "ಬೂದಣ್ಣ, ಬಲಗಡೆ ಇನ್ನೂ ಸ್ವಲ್ಪ ಬಳಿ. ಈ ಸಲ ದೊಡ್ಡದೇನಾದ್ರೂ ಬರ್ಲಿ."

"ನಿನ್ನ ಕೆಲಸ ನೀನು ನೋಡ್ಕೊಳಯ್ಯಾ!"

"ಬಣ್ಣ ನೀರಾಗಿದೆ," ಎಂದು ಮೇಲ್ವಿಚಾರಕರು ಗೊಣಗಿದರು. "ಹೋಗಿ ಗಟ್ಟಿ ಬಣ್ಣದ ಡಬ್ಬ ತಗೊಂಡು ಬಾ."

ಡಬ್ಬ ಹೊತ್ತು ಬರುವಷ್ಟರಲ್ಲಿ ಹೊಸ ತೇಪೆ ಒಬ್ಬ ಡೊಳ್ಳುಹೊಟ್ಟೆಯವನಾಗಿತ್ತು. ಬ್ರಷ್ ಎದೆಗವಚಿಕೊಂಡು ಗೊರಕೆ ಹೊಡೆಯುತ್ತಿದ್ದ ಆಸಾಮಿ ಬೇರೆ ಯಾರೂ ಅಲ್ಲ, ಸಾಕ್ಷಾತ್ ಬೂದಣ್ಣ.

"ಮೂಗು ಥೇಟ್ ನಿಂದೇ ಬಂದಿದೆ," ಎಂದರು ಮೇಲ್ವಿಚಾರಕರು.

"ಯಾರು ಬರೆದಿದ್ದು? ನೀವ್ಯಾರೂ ನೋಡ್ಲಿಲ್ವಾ?"

"ನನ್ನ ಕಣ್ಣು ಕತ್ತರಿ ಮೇಲಿತ್ತು."

"ನನ್ನ ಕಣ್ಣು ಇಸ್ತ್ರಿಪೆಟ್ಟಿಗೆ ಮೇಲಿತ್ತಪ್ಪ."

ಬೀದಿಯಲ್ಲಿ ನೊಣ ಹಾರಿದರೂ ಗಂಡೋ ಹೆಣ್ಣೋ ಹೇಳಬಲ್ಲ ಜನ ಇವರು! ಬೂದಣ್ಣನಿಗೆ ರೇಗಿಹೋಯಿತು. ತೇಪೆ ಹಾಕಿದರೆ ತಾನೇ ಈ ಕಾಟ? ಏಣಿ ಎಳೆದಾಡಿಕೊಂಡು, ಬೆವರು ಸುರಿಸಿಕೊಂಡು, ಇಡೀ ಗೋಡೆಯನ್ನೇ ಈ ತುದಿಯಿಂದ ಆ ತುದಿಯವರೆಗೆ ಬಳಿದುಬಿಟ್ಟ.

ಮೇಲ್ವಿಚಾರಕರು ದೂರ ನಿಂತು ನೋಡಿದರು. ಅವರ ಕಣ್ಣು ಹೊಳೆಯಿತು. "ಭೇಷ್! ಹೋಗು, ನಿಧಾನವಾಗಿ ಊಟ ಮಾಡ್ಕೊಂಡು ಬಾ."

ಅರ್ಧ ದಾರಿಯಲ್ಲಿ ಊಟದ ಡಬ್ಬಿ ಏಣಿಯ ಬುಡದಲ್ಲೇ ಉಳಿದದ್ದು ನೆನಪಾಗಿ ಬೂದಣ್ಣ ಹಿಂದಿರುಗಿದ. ಗೋಡೆಯ ಆ ತುದಿಯಲ್ಲಿ ಸೊಂಡಿಲು ಆಗಲೇ ಮೂಡಿತ್ತು. ಈ ತುದಿಯಲ್ಲಿ ಕ್ಷೌರದಂಗಡಿಯವನು ಏಣಿ ಹಿಡಿದಿದ್ದ, ಅಕ್ಕ ಛತ್ರಿ ಹಿಡಿದಿದ್ದಳು. ಏಣಿಯ ಮೇಲೆ ಮೇಲ್ವಿಚಾರಕರು ನಾಲಿಗೆ ಕಚ್ಚಿಕೊಂಡು ಬಾಲ ಬರೆಯುತ್ತಿದ್ದರು.

"ಸಾರ್!"

"ಕೂಗಬೇಡ್ವೋ, ಕೈ ನಡುಗುತ್ತೆ."

ಬೂದಣ್ಣನ ಮೈಯೆಲ್ಲ ಉರಿಯಿತು. ಮರುಗಳಿಗೆಯಲ್ಲೇ ಬಾಯಿಗೆ ಸಕ್ಕರೆ ಬಿದ್ದಂತಾಯಿತು. ಕಳ್ಳ ಕೈಗೆ ಸಿಕ್ಕಿದ್ದಾನೆ, ಇನ್ನು ಕುರ್ಚಿ ಎಲ್ಲಿಗೆ ಹೋದೀತು?

"ಕುರ್ಚಿ ಕೊಡ್ತೀರೋ, ದೂರು ಕೊಡ್ಲೋ?"

"ಕೊಡು. ಗೋಡೆ ದೂರೆಲ್ಲ ಬರೋದು ನನ್ನ ಹತ್ರಾನೇ. ಕುರ್ಚಿ ನಿನ್ನೆನೇ ಬಣ್ಣ ಬಳಿಯೋ ಇನ್ನೊಬ್ಬನಿಗೆ ಹೋಯ್ತು. ಅವನು ಬಳಿದ್ರೆ ತೇಪೆ ಇಟ್ಟಿಗೆ ಹಾಗೆ ನೆಟ್ಟಗಿರುತ್ತೆ, ಅದ್ರಲ್ಲಿ ಒಂದು ಇಲೀನೂ ಹುಟ್ಟಲ್ಲ. ನಿನ್ನಷ್ಟು ಸೊಟ್ಟಗೆ ಬಳಿಯೋನು ಇಡೀ ನಗರಸಭೇಲಿ ಇನ್ನೊಬ್ಬ ಇಲ್ಲಪ್ಪಾ. ನಿನ್ನ ಬಿಟ್ಕೊಟ್ರೆ ನನ್ನ ಗತಿ ಏನು?"

ಬೂದಣ್ಣನಿಗೆ ಅಳು ಬಂತು. ಡಬ್ಬ ಬೋರಲು ಹಾಕಿ ಕೂತು ನೋಡಿದ. ಗೋಡೆಯುದ್ದಕ್ಕೂ ಆನೆ. ಸೊಂಡಿಲು, ಬಾಲ ಬಿಟ್ಟರೆ ಮಿಕ್ಕಿದ್ದೆಲ್ಲ ಅವನದೇ. ಹಾಳಾದ್ದು, ಆನೆ ಚೆನ್ನಾಗಿಯೂ ಇತ್ತು!

"ನಾಳೆ ಒಂಟೆ," ಎನ್ನುತ್ತ ಮೇಲ್ವಿಚಾರಕರು ಏಣಿಯಿಂದಿಳಿದರು.

ಬೂದಣ್ಣ ಮುಖ ಗಂಟಿಕ್ಕಿಕೊಂಡೇ ಬ್ರಷ್ ಎತ್ತಿಕೊಂಡ.

"ಡುಬ್ಬ ಒಂದೋ, ಎರಡೋ ಸಾರ್?"