ಎಡಗೈ ಆವೃತ್ತಿ

ಕೈಗವಸು ಕಾರ್ಖಾನೆಯ ಹೆಣಿಗೆ ಯಂತ್ರ ಬೆಳಿಗ್ಗೆಯಿಂದ ಬರೀ ಎಡಗೈಯನ್ನೇ ಹೆಣೆಯುತ್ತಿತ್ತು. ಗುಂಡಿ ಒತ್ತಿದರೂ, ಕರೆಂಟ್ ತೆಗೆದು ಕೊಟ್ಟರೂ, ಮೆಕ್ಯಾನಿಕ್ ಅದರ ಬೆನ್ನು ತಟ್ಟಿ ಬೇಡಿಕೊಂಡರೂ ಹೊರಬಿದ್ದದ್ದು ಎಡಗೈ. ಸಂಜೆಗೆ ಸರಕು ಹೋಗಬೇಕು. ಯಂತ್ರ ಮಾಡಿದ ಕಂಪನಿಯೋ ಬಾಗಿಲು ಹಾಕಿ ಎಷ್ಟೋ ಕಾಲವಾಗಿತ್ತು.

"ಚಿಪ್ ಒಳಗಿರೋ ಪ್ರೋಗ್ರಾಂ ಬಿಚ್ಚಿ ಓದಬೇಕು ಸಾರ್," ಎಂದ ಮೆಕ್ಯಾನಿಕ್. "ಅದಕ್ಕೊಂದು ಸಾಫ್ಟ್‌ವೇರ್ ಇದೆ. ಪುಕ್ಕಟೆ, ಮನೆಬಳಕೆ, ವೃತ್ತಿಪರ ಅಂತ ಮೂರು ಥರ..."

"ಪುಕ್ಕಟೆ," ಎಂದರು ಮಾಲೀಕರು.

ಪುಕ್ಕಟೆಯದು ಆ ಚಿಪ್ಪನ್ನು, ಮದುವೆಮನೆಯಲ್ಲಿ ಗುರುತು ಸಿಗದ ನೆಂಟನನ್ನು ನೋಡುವಂತೆ ನೋಡಿ, ಮುಚ್ಚಿಕೊಂಡಿತು.

ಲೆಕ್ಕದಮ್ಮ ಮೇಜು ಬಿಟ್ಟು ಎದ್ದು ಬಂದರು. "ಮನೆಬಳಕೆದು ತಗೊಳ್ಳಪ್ಪ. ನಾವೆಲ್ಲ ಒಂದೇ ಮನೆಯೋರ ಥರ ತಾನೇ?"

ಅದು ಓದುವುದು ಒಂದೇ ಜಾತಿಯ ಚಿಪ್; ಯಾವುದೆಂದು ಕೊಳ್ಳುವಾಗಲೇ ಆರಿಸಿಕೊಳ್ಳಬೇಕು. ಚಿಪ್ ಮೇಲಿನ ಅಕ್ಷರ ಎಣ್ಣೆ ಕುಡಿದು ಮಾಸಿತ್ತು. ಲೆಕ್ಕದಮ್ಮ ಕನ್ನಡಕ ಏರಿಸಿ ಓದಿ ಹೇಳಿದ್ದನ್ನೇ ಮೆಕ್ಯಾನಿಕ್ ಆರಿಸಿದ. ಜಾತಿ ತಪ್ಪಿತ್ತು. ತೆರೆಯ ತುಂಬ ಕಾಗೆ ಕಾಲು, ಗುಬ್ಬಿ ಕಾಲು.

ಮಾಲೀಕರ ಮಾವ ಮೂಲೆಯ ಕುರ್ಚಿಯಲ್ಲಿ ಕೂತು ಎಡಗೈಗಳನ್ನು ಅಚ್ಚುಕಟ್ಟಾಗಿ ಜೋಡಿಸುತ್ತಿದ್ದರು. "ದೊಡ್ಡದೇ ಕೊಡಿಸಿ. ಓದೋ ಹುಚ್ಚು ಇರೋರಿಗೆ ಅಡ್ಡ ಬರಬಾರದು," ಎಂದರು.

ಮಾಲೀಕರು ಹಲ್ಲು ಕಚ್ಚಿಕೊಂಡು ಒಪ್ಪಿದರು. "ಇದೂ ಆಗ್ಲಿಲ್ಲ ಅಂದ್ರೆ ನಾಳೆಯಿಂದ ನೀನು ಬರೋದು ಬೇಡ."

ವೃತ್ತಿಪರ ಆವೃತ್ತಿ ಪ್ರೋಗ್ರಾಮನ್ನು ಈರುಳ್ಳಿಯಂತೆ ಸುಲಿದಿಟ್ಟಿತು. ಎಡದಿಂದ ಬಲಕ್ಕೆ ಜಿಗಿಯಬೇಕಾದ ಒಂದು ಆದೇಶ ಕೆಟ್ಟು ಕೂತಿತ್ತು. ಮೆಕ್ಯಾನಿಕ್ ಬೆವರು ಒರೆಸಿಕೊಂಡು ತಿದ್ದಿದ. ಯಂತ್ರ ಕೆಮ್ಮಿ, ಒಂದು ಬಲಗೈ ಉಗುಳಿತು. ಇನ್ನೊಂದು ಬಲಗೈ. ಮತ್ತೂ ಬಲಗೈ. ಈಗ ಎಡಗೈ ಬರುವುದು ನಿಂತೇ ಹೋಗಿತ್ತು.

"ಪರವಾಗಿಲ್ಲ ಬಿಡು! ಬೆಳಗ್ಗಿನ ಎಡ, ಈಗಿನ ಬಲ, ಜೋಡಿ ಆಯ್ತಲ್ಲ!" ಮಾಲೀಕರು ಅವನ ಕೈ ಕುಲುಕಿದರು. ಮೆಕ್ಯಾನಿಕ್ ಅಂದು ಮೊದಲ ಸಲ ಕುರ್ಚಿಯಲ್ಲಿ ಕೂತ.

ಬಲಗೈ ರಾಶಿ ಮೊಣಕಾಲಿನ ಮಟ್ಟ ಏರುವಷ್ಟರಲ್ಲಿ ಗಿರಾಕಿಯ ಫೋನ್ ಬಂತು. ಆತ ಮಾಂಸದಂಗಡಿಗಳಿಗೆ ಗವಸು ಒದಗಿಸುವವನು.

"ಎಡಗೈದು ಮಾತ್ರ ತಾನೇ ಕಳಿಸ್ತಿರೋದು? ಬಲಗೈಲಿ ಕತ್ತಿ ಹಿಡೀತಾರೆ, ಅದಕ್ಕೆ ಗವಸು ಬೇಡ ಅಂತ ಮೊನ್ನೆನೇ ನಿಮ್ಮ ಮಾವನವರಿಗೆ ಹೇಳಿದ್ದೆ."

ಎಲ್ಲರೂ ಮೂಲೆಯತ್ತ ತಿರುಗಿದರು.

"ಹೇಳಿದ್ರು," ಎಂದರು ಮಾವ. "ಬೆಳಿಗ್ಗೆಯಿಂದ ಬರೀ ಎಡಗೈ ಬರ್ತಿತ್ತಲ್ಲ, ನಿಮಗೂ ಗೊತ್ತಾಗಿದೆ ಅಂದ್ಕೊಂಡೆ."

ಮಾಲೀಕರು ಫೋನ್ ಕೆಳಗಿಟ್ಟು, ಬಲಗೈ ರಾಶಿಯನ್ನೂ ಮೆಕ್ಯಾನಿಕನನ್ನೂ ಒಂದೇ ನೋಟದಲ್ಲಿ ನೋಡಿದರು.

"ಸರಿ ಮಾಡಿದ್ದು ಸಾಕು," ಎಂದರು. "ಇದನ್ನ ಮೊದಲಿನ ಥರ ಕೆಡಿಸೋಕೆ ಯಾವ ಥರದ್ದು ಕೊಳ್ಳಬೇಕು, ಅದನ್ನ ಹೇಳು."