ಹಿಂದಿನ ತಾರೀಕಿನ ಸೂಪರಿಂಟೆಂಡೆಂಟ್

ಸರ್ಕಾರಿ ಕಚೇರಿಯಲ್ಲಿ ನಾಳೆ ಏನಾಗುತ್ತದೆ ಅಂತ ಯಾರು ಬೇಕಾದರೂ ಹೇಳಬಹುದು: ಏನೂ ಆಗುವುದಿಲ್ಲ. ನಿನ್ನೆ ಏನಾಗುತ್ತದೆ ಅಂತ ಹೇಳುವುದೇ ಕಷ್ಟ. ನಮ್ಮಲ್ಲಿ ನಿಯಮಗಳು ಇವತ್ತು ಹುಟ್ಟಿ ಹತ್ತು ವರ್ಷ ಹಿಂದಿನಿಂದ ಜಾರಿಗೆ ಬರುತ್ತವೆ. ನಾನು ಬಾಡ ಅನ್ನುವ ಊರಿನ ಮೀನುಗಾರರ ಮನೆ ಸೊಸೆ, ಕುಮಟೆಯ ಕಚೇರಿಯೊಂದರಲ್ಲಿ ಗುಮಾಸ್ತೆ. ತಲೆಗೂದಲು ಬೆಳ್ಳಗಾಗುವವರೆಗೆ ಫೈಲು ಹೊತ್ತವಳಿಗೆ ಇದ್ದದ್ದು ಒಂದೇ ಆಸೆ, ಸೂಪರಿಂಟೆಂಡೆಂಟ್ ಆಗಿ ನಿವೃತ್ತಿ ಆಗಬೇಕು. ಆಸೆ ಪಟ್ಟಿದ್ದು ತಪ್ಪಲ್ಲ, ಸರ್ಕಾರವನ್ನು ನಂಬಿ ಪಟ್ಟಿದ್ದು ತಪ್ಪು.

೧. ಪರೀಕ್ಷೆ

ನಿವೃತ್ತಿಗೆ ಒಂದೂವರೆ ವರ್ಷ ಇದೆ ಅನ್ನುವಾಗ ಬಡ್ತಿ ಬಂತು. ಭಟ್ಕಳಕ್ಕೆ ಹೋದೆ. ಅಲ್ಲಿಯ ಅಟೆಂಡರ್ ನನ್ನ ಕುರ್ಚಿಗೆ ಬಿಳಿ ಟವೆಲ್ ಹಾಸಿದ. ಅದಕ್ಕೆ ಒರಗಿ ಕೂತಾಗ ಆದ ಖುಷಿ, ಸುಳ್ಳು ಯಾಕೆ ಹೇಳಲಿ, ಮದುವೆ ಮಂಟಪದಲ್ಲೂ ಆಗಿರಲಿಲ್ಲ.

ನಾಲ್ಕು ತಿಂಗಳಿಗೆ ನಿಯಮ ಬದಲಾಯಿತು. ಸೂಪರಿಂಟೆಂಡೆಂಟ್ ಆಗುವವರು ಕಂಪ್ಯೂಟರ್ ಪರೀಕ್ಷೆ ಪಾಸಾಗಿರಬೇಕು, ಅದೂ ಹತ್ತು ವರ್ಷದ ಹಿಂದೆಯೇ. ನಾನು ಪಾಸಾದದ್ದು ಆಮೇಲೆ. ಹತ್ತು ವರ್ಷದ ಹಿಂದೆ ನಮ್ಮ ಕಚೇರಿಯ ಒಂದೇ ಒಂದು ಕಂಪ್ಯೂಟರ್ ಹೊದಿಕೆ ಹೊದ್ದು ಮಲಗಿತ್ತು. ಬಡ್ತಿ ರದ್ದಾಯಿತು.

ಕಾರವಾರದ ಜಿಲ್ಲಾ ಕಚೇರಿಯ ಸಾಹೇಬರ ಹತ್ತಿರ ಓಡಿದೆ. “ಆಗ ಈ ಪರೀಕ್ಷೆ ಬೇಕು ಅಂತ ಯಾರೂ ಹೇಳೇ ಇಲ್ಲ ಸರ್. ಈಗ ಎಂತ ಮಾಡೂದು?”

ಸಾಹೇಬರು ಮರುಕದಿಂದ ನೋಡಿದರು. “ಅರ್ಜಿ ಹಾಕುವ ತಾರೀಕು ಹತ್ತು ವರ್ಷದ ಹಿಂದೆಯೇ ಮುಗಿದಿದೆಯಲ್ಲ ಮೇಡಂ. ನೀವು ಸ್ವಲ್ಪ ಬೇಗ ಬರಬೇಕಿತ್ತು.”

೨. ಧಾರೆ

ಕುಮಟೆಗೆ ವಾಪಸಾಗಿ ಹಳೇ ಮೇಜಿನ ಮುಂದೆ ಕೂತೆ. ಒಂದು ದಿನ ಭಟ್ಕಳದ ಅಟೆಂಡರ್ ಬಸ್ಸಿಳಿದು ಏದುಸಿರು ಬಿಡುತ್ತ ಬಂದ. ಮಗಳ ಮದುವೆಗೆ ಅವನಿಗೆ ರಜೆ ಕೊಟ್ಟವಳು ನಾನು. ನಾನು ಸೂಪರಿಂಟೆಂಡೆಂಟ್ ಆಗಿಯೇ ಇರಲಿಲ್ಲ ಅಂದಮೇಲೆ ಆ ರಜೆಯೂ ಇಲ್ಲ ಅಂತ ಮೇಲಿನವರ ಲೆಕ್ಕ.

“ಮೇಡಂ, ಆ ದಿನ ನಾ ಆಫೀಸಲ್ಲೇ ಇರ್ಬೇಕಿತ್ತಂತೆ.”

“ಇರ್ಲಿಲ್ಲ ಅಲ್ದಾ?”

“ಮಂಟಪದಲ್ಲಿದ್ದೆ ಮೇಡಂ. ಆದ್ರೆ ಇವ್ರ ಲೆಕ್ಕದಲ್ಲಿ ನಾ ಅಲ್ಲಿಗೆ ಹೋಗ್ಲೇ ಇಲ್ಲ. ಹಂಗಾರೆ ನನ್ ಮಗಳಿಗೆ ಧಾರೆ ಎರದವ ಯಾರು? ಬೀಗರು ಕೇಳಿದ್ರೆ ಎಂತ ಹೇಳ್ಲಿ?”

೩. ಊಟ

ನನ್ನ ಜಾಗಕ್ಕೆ ಬಡ್ತಿ ಸಿಕ್ಕಿದ್ದು ನಮ್ಮ ಕುಮಟೆ ಕಚೇರಿಯ ಕಿರಿಯನೊಬ್ಬನಿಗೆ. ಫೈಲಿನಲ್ಲಿ ನೋಟಿಂಗ್ ಬರೆಯಲು ನಾನೇ ಕಲಿಸಿದವ. ಅದೂ ನನಗೆ ಬಡ್ತಿ ಸಿಕ್ಕಿದ ತಾರೀಕಿನಿಂದಲೇ ಅವನಿಗೂ.

ಬಡ್ತಿ ಬಂದವರು ಹೊನ್ನಾವರದ ಹೋಟೆಲಿನಲ್ಲಿ ಎಲ್ಲರಿಗೂ ಮೀನೂಟ ಹಾಕಿಸುವುದು ನಮ್ಮ ಕಚೇರಿಯ ಕ್ರಮ. ನಾನೂ ಹಾಕಿಸಿದ್ದೆ. ಇವನು ಮಾತ್ರ ಊಟದ ಸುದ್ದಿಯನ್ನೇ ಎತ್ತಲಿಲ್ಲ. ತಡೆಯಲಾರದೆ ಕೇಳಿಯೇಬಿಟ್ಟೆ, “ನಿನ್ನ ಊಟ ಯಾವಾಗ ಮಾರಾಯ?”

“ಆತಲ್ಲ ಮೇಡಂ! ಆ ತಾರೀಕಿಗೆ ಸೂಪರಿಂಟೆಂಡೆಂಟ್ ನಾನು ಅಂದ್ರೆ ಅವತ್ತಿನ ಊಟ ನಂದೇ ಅಲ್ದಾ? ನೀವೂ ಎರಡ್ ಸಲ ಇಸೋಣ ಮೀನು ಹಾಕಿಸ್ಕಂಡ್ರಿ, ನಾ ಎಂತಾದ್ರೂ ಹೇಳಿದ್ನಾ?”

ಮನೆಗೆ ಬಂದು ಅತ್ತೆಗೆ ಹೇಳಿದೆ. ಮಾರ್ಕೆಟ್ಟಿನಲ್ಲಿ ಮೀನು ಮಾರುತ್ತಲೇ ಸೊಂಟ ಬಗ್ಗಿಸಿಕೊಂಡ ಜೀವ. ಹಲ್ಲು ಕಡಿದು ಅಂದಳು, “ಆ ಶನಿ ಮೀನು ತಕಳೂಕೆ ಬರ್ಲಿ. ಹೋದ ವರ್ಷವೇ ಖಾಲಿ ಆತು ಅಂತೇನೆ.”

೪. ಹಾಜರಾತಿ

ಗಂಡ ಬೇಡ ಅಂದರೂ ಕೇಳದೆ ನ್ಯಾಯಮಂಡಳಿಗೆ ಹೋದೆ. ಒಂದು ವರ್ಷ ಅಲೆದೆ, ಎರಡು ಜೊತೆ ಚಪ್ಪಲಿ ಸವೆಯಿತು. ಆಗಿನ ನಿಯಮದಂತೆ ಸಿಕ್ಕ ಬಡ್ತಿಯನ್ನು ಆಮೇಲೆ ಹುಟ್ಟಿದ ನಿಯಮದಿಂದ ಕಿತ್ತುಕೊಳ್ಳುವಂತಿಲ್ಲ, ಮೊದಲಿನ ತಾರೀಕಿನಿಂದಲೇ ವಾಪಸ್ ಕೊಡಿ ಅಂತ ತೀರ್ಪು ಬಂತು. ಬಸ್‌ಸ್ಟ್ಯಾಂಡಿನಲ್ಲಿ ನಿಂತು ಗಳಗಳ ಅತ್ತೆ.

ನಿವೃತ್ತಿಗೆ ತಿಂಗಳು ಉಳಿದಿತ್ತು. ಭಟ್ಕಳಕ್ಕೆ ಹೋಗಿ ಕೂತ ವಾರಕ್ಕೇ ಕಾರವಾರದಿಂದ ನೋಟಿಸು. ‘ಸದರಿಯವರು ಇಷ್ಟು ಕಾಲ ಭಟ್ಕಳದ ಸೂಪರಿಂಟೆಂಡೆಂಟ್ ಆಗಿದ್ದರೂ ಒಂದು ವರ್ಷ ಅಲ್ಲಿ ಹಾಜರಿರಲಿಲ್ಲ. ಕಾರಣ ಕೊಡುವುದು.’ ಸರಿಯಾದ ಕಾರಣ ಕೊಡದಿದ್ದರೆ ಬಡ್ತಿ ಮತ್ತೆ ಗೋತಾ! ಕುಮಟೆಯಲ್ಲಿ ಬೆನ್ನು ಮುರಿಯುವಷ್ಟು ದುಡಿದದ್ದು ಯಾರ ಲೆಕ್ಕಕ್ಕೂ ಇಲ್ಲ.

ನೇರ ಸಾಹೇಬರ ಎದುರಿಗೇ ಹೋಗಿ ನಿಂತೆ. “ಹಾಜರಿದ್ದೆ ಸರ್.”

“ಯಾವಾಗ?”

“ಇವತ್ತು. ಆದ್ರೆ ಹೋದ ವರ್ಷದಿಂದ ಜಾರಿಗೆ ಬರೂ ಹಂಗೆ. ನೀವು ಹಿಂದಿನ ತಾರೀಕಿನಿಂದ ಬಡ್ತಿ ಕಸಕಂಡ್ರಿ, ಹಿಂದಿನ ತಾರೀಕಿನಿಂದ್ಲೇ ವಾಪಸ್ ಕೊಟ್ರಿ. ನಾನೂ ಹಿಂದಿನ ತಾರೀಕಿನಿಂದ್ಲೇ ಹಾಜರಾಗ್ತೆ.”

ಸಾಹೇಬರು ತಲೆ ಕೆರೆದುಕೊಂಡರು, ಫ್ಯಾನು ನೋಡಿದರು, ಕೊನೆಗೆ ನಗು ತಡೆಯಲಾರದೆ ನೋಟಿಸು ಹಿಂತೆಗೆದುಕೊಂಡು ಸಹಿ ಹಾಕಿದರು. ನಾನು ಸೂಪರಿಂಟೆಂಡೆಂಟ್ ಆಗಿ ನಿವೃತ್ತಿ ಆಗುವುದು ಖಾತ್ರಿಯಾಯಿತು. ಪೆನ್ನಿನ ಮುಚ್ಚಳ ಹಾಕುತ್ತ ಕೇಳಿದರು, “ಅಲ್ಲ ಮೇಡಂ, ಇಂಥ ಹಾಜರಾತಿಗೆ ನಿಯಮ ಎಲ್ಲಿದೆ?”

“ಈಗ ಇಲ್ಲ ಸರ್,” ಅಂದೆ. “ಯಾವತ್ತಾದ್ರೂ ಮಾಡಿ. ಹೆಂಗೂ ಹೋದ ವರ್ಷದಿಂದ್ಲೇ ಜಾರಿಗೆ ಬತ್ತದೆ.”