ಮಾವನವರ ಭಾಷಣವನ್ನು ಕಂಪ್ಯೂಟರಿಗೆ ಏರಿಸಿದ್ದು

ಗೋಕಾಕದ ನಮ್ಮ ಕೇಬಲ್ ಚಾನೆಲ್ಲಿನಲ್ಲಿ ಹದಿನೆಂಟು ವರ್ಷ ಟೇಪು ಹಾಕಿ ತೆಗೆದ ಕೈ ನನ್ನದು. ಇನ್ನು ಟೇಪು ಸಾಕು, ಇದ್ದದ್ದನ್ನೆಲ್ಲ ಕಂಪ್ಯೂಟರಿಗೆ ಏರಿಸು ಎಂದು ಸಾಹುಕಾರರು ಅಪ್ಪಣೆ ಕೊಟ್ಟಾಗ ನಾನು ಹೆದರಲಿಲ್ಲ. ಮೂವತ್ತೆಂಟನೆಯ ವಯಸ್ಸಿನಲ್ಲಿ ಎಸ್ಸೆಸ್ಸೆಲ್ಸಿ ಪಾಸಾದವನಿಗೆ ಕಂಪ್ಯೂಟರ್ ಯಾವ ಲೆಕ್ಕ!

ಮೊದಲು ಆರಿಸಿಕೊಂಡದ್ದು ಹುಕ್ಕೇರಿಯ ನಮ್ಮ ಮಾವನವರ ಟೇಪು. ಮಾಸ್ತರಿಕೆಯಿಂದ ನಿವೃತ್ತರಾದ ದಿನ ಅವರು ಮಾಡಿದ ಭಾಷಣ. ಮದುವೆಯಾಗಿ ಇಷ್ಟು ವರ್ಷವಾದರೂ ಅವರ ಬಾಯಿಂದ ನನ್ನ ಬಗ್ಗೆ ಒಂದು ಒಳ್ಳೆಯ ಮಾತು ಬಂದಿರಲಿಲ್ಲ. ಈ ಸಲ ಬರಲೇಬೇಕು ಎಂದು ಪಣ ತೊಟ್ಟೆ.

ವೈರು ಜೋಡಿಸಿದೆ. ಕಂಪ್ಯೂಟರಿನ ಪಕ್ಕದಲ್ಲಿ ಅದರದೇ ಒಂದು ಪುಟ್ಟ ಮೈಕು ನಿಂತಿತ್ತು. ಧ್ವನಿ ಎಲ್ಲಿಂದ ತೆಗೆದುಕೊಳ್ಳಲಿ ಎಂದು ಕಂಪ್ಯೂಟರ್ ಕೇಳಿತು. ಒಂದು ವೈರಿನ ಚಿತ್ರ, ಒಂದು ಮೈಕಿನ ಚಿತ್ರ. ಮಾವನವರು ಮಾತಾಡಿದ್ದು ಮೈಕಿನಲ್ಲೇ ಅಲ್ಲವೇ? ಮೈಕು ಒತ್ತಿದೆ!

ಒಂದು ತಾಸಿನ ಟೇಪು ಏರಲಿಕ್ಕೂ ಒಂದು ತಾಸು ಬೇಕು. ಟೇಪು ಓಡುತ್ತಿದ್ದ ಟಿವಿಯ ಸದ್ದು ಅಡಗಿಸಿದೆ. ಹಳೆಯ ಮಷೀನಿನಲ್ಲಿ ಧ್ವನಿ ವೈರಿನೊಳಗೇ ಹೋಗುತ್ತಿತ್ತು, ಪಕ್ಕದಲ್ಲಿ ಡೊಳ್ಳು ಬಾರಿಸಿದರೂ ಚಿಂತೆ ಇರಲಿಲ್ಲ. ಅದೇ ಧೈರ್ಯದಲ್ಲಿ ಘಟಪ್ರಭಾದ ಗೆಳೆಯ ಮಾರುತಿಗೆ ಫೋನ್ ಹಚ್ಚಿದೆ. ಮುಗಿದ ಮೇಲೆ ಚಿತ್ರ ನೋಡಿದೆ, ಲಕಲಕ ಹೊಳೆಯಿತು. ಧ್ವನಿ ಕೇಳಲಿಲ್ಲ. ಕಂಪ್ಯೂಟರಿಗೆ ಸ್ಪೀಕರ್ ಇನ್ನೂ ಬಂದಿರಲಿಲ್ಲ.

ಭಾನುವಾರ ಪ್ರಸಾರ. ಹುಕ್ಕೇರಿಯ ಮನೆಯಲ್ಲಿ ಬೀಗರೆಲ್ಲ ಕೂಡಿದ್ದರು. ತೆರೆಯ ಮೇಲೆ ಮಾವನವರು ಹಾರ ಸರಿಪಡಿಸಿಕೊಂಡು, ಬೆರಳೆತ್ತಿ, ನನ್ನ ದನಿಯಲ್ಲಿ ಹೇಳಿದರು:

"ಏ ಮಾರುತಿ, ನಮ್ಮ ಮಾವನ ಭಾಷಣ ಹಚ್ಚೇನಿ ಮಾರಾಯಾ. ಮುದುಕ ಒಮ್ಮಿ ಬಾಯಿ ತಗದ್ರ ಕರೆಂಟ್ ಹೋಗೂಮಟಾ ಬಿಡೂದಿಲ್ಲ!"

ತೆರೆಯ ಮೇಲಿನ ಸಭಿಕರು ಸದ್ದಿಲ್ಲದೆ ಚಪ್ಪಾಳೆ ತಟ್ಟಿದರು.

"ಏನ್ರಿ ಇದು? ಬಂದ್ ಮಾಡ್ರಿ ಮೊದಲ!" ಎಂದು ಹೆಂಡತಿ ಚೀರಿದಳು.

"ಬಂದ್ ಮಾಡಿದ್ರ ನಮ್ಮ ಟಿವಿ ಒಂದ ಬಂದ್ ಆಗತೈತಿ. ಗೋಕಾಕ, ಮೂಡಲಗಿ, ಹುಕ್ಕೇರಿ ಎಲ್ಲಾ ಕಡೆ ನಡದ ಇರತೈತಿ" ಎಂದೆ.

"ಇರ್ಲಿ ಬಿಡವಾ, ಪೂರಾ ಕೇಳೂಣು" ಎಂದರು ಮಾವ.

ಪೂರಾ ಕೇಳಿದರು. ನಾನೂ ಕೇಳಿದೆ. ಒಂದು ತಾಸು!

ಕೊನೆಗೆ ಮಾವ ನನ್ನ ಕಡೆ ತಿರುಗಿದರು.

"ನನ್ನ ಭಾಷಣ ಎಲ್ಲಿ ಹೋತ್ರಿ, ಅಳಿಯಂದ್ರ?"

"ಟೇಪಿನ್ಯಾಗ ಐತ್ರಿ, ಮಾವಾರ."

ಅವರು ಕನ್ನಡಕ ತೆಗೆದು ನಿಧಾನವಾಗಿ ಒರೆಸಿದರು.

"ಅದು ಅಲ್ಲೇ ಇರ್ಲಿ. ಆದ್ರ ಒಂದ ಮಾತ ಹೇಳಬೇಕ್ರಿ. ಧ್ವನಿ ಭಾಳ ಸ್ವಚ್ಛ ಬಂದೈತಿ."

ಹೊಗಳಿಕೆ ಸಿಕ್ಕಿತು. ತಲೆ ಎತ್ತಿ ಅದನ್ನು ತೆಗೆದುಕೊಳ್ಳಲಿಕ್ಕೆ ಮಾತ್ರ ಆಗಲಿಲ್ಲ.